ಅಶ್ಮಿತಾಳಿಗೆ ಕೊಟ್ಟ ಮೂರು ಪುಸ್ತಕಗಳು

ಸುಜಿತ್‌ನ ಮೇಲೆ ಸೇಡು ತೀರಿಸಿಕೊಳ್ಳಬೇಕೆಂದು ಸುಮೀನಾ ನಿಶ್ಚಯಿಸಿದ್ದು ಕೆಲಸ ಹೋದ ದಿನವಲ್ಲ. ಅದರ ಮರುವಾರ ಅವನ ಆಫೀಸಿನಿಂದ ಹೊರಗೆ ಬಂದು, ಅಲ್ ಮುರಕ್ಕಬಾತ್‌ನ ಉರಿಬಿಸಿಲಿನಲ್ಲಿ ಒಂದು ಶವರ್ಮಾ ಅಂಗಡಿಯ ಎದುರು ನಿಂತಾಗ. ಕೈಯಲ್ಲಿ ಅವನು ಕೊಟ್ಟ ಗಿಫ್ಟ್ ವೋಚರ್ ಇತ್ತು.

ಅವಳು ಗಲ್ಫಿನಲ್ಲಿ, ಅಲ್ ಕುಸೈಸ್‌ನ ಒಂದು ಭಾರತೀಯ ಶಾಲೆಯಲ್ಲಿ ಹನ್ನೊಂದನೆಯ ತರಗತಿಗೆ ಸಮಾಜಶಾಸ್ತ್ರ ಕಲಿಸುತ್ತಿದ್ದಳು. ಊರು ಪಾಣೆಮಂಗಳೂರು. ಗಂಡ ರಾಝಿಕ್, ಮಗಳು ಶಹಲಾ ಇಬ್ಬರ ವೀಸಾವೂ ಅವಳ ಕೆಲಸದ ಮೇಲೆ ನಿಂತಿತ್ತು. ತನ್ನ ಕಂಪೆನಿ ಮುಚ್ಚಿದ ಮೇಲೆ ರಾಝಿಕ್ ಮನೆಯಲ್ಲಿದ್ದುಕೊಂಡು ಅಡುಗೆ ಮಾಡುತ್ತಾ, ಮಗಳಿಗೆ ಲೆಕ್ಕ ಹೇಳಿಕೊಡುತ್ತಾ, ಬೇರೆ ಕೆಲಸ ಹುಡುಕುತ್ತಿದ್ದ.

ಹೊಲಿಸ್ ಕ್ರೇನ್‌ಶಾ ಎಂಬ ಅಮೆರಿಕನ್ ಲೇಖಕನ ಮೂರು ಪುಸ್ತಕಗಳು ಅವಳಿಗೆ ಸಿಕ್ಕಿದ್ದು ಅಲ್ ಕೂಜ್‌ನ ಒಂದು ಗೋದಾಮಿನಲ್ಲಿ, ಹಳೇ ಪುಸ್ತಕ ಮಾರುವವನ ಹತ್ತಿರ. ಮೊದಲನೆಯದು ಅವನ ಹುಟ್ಟೂರಿನ ಕಥೆ. ಬೂಟಿನ ಕಾರ್ಖಾನೆ ಮುಚ್ಚಿದ ಜಾಗದಲ್ಲಿ ದೊಡ್ಡ ಅಂಗಡಿ ಬಂತು, ಬೂಟು ಹೊಲಿಯುತ್ತಿದ್ದವರೇ ಅದರ ಬಾಗಿಲಲ್ಲಿ ನಿಂತು ಬಂದವರಿಗೆ ಸ್ವಾಗತ ಹೇಳುವ ಕೆಲಸಕ್ಕೆ ಸೇರಿದರು. ನಮ್ಮಲ್ಲಿ ಮೇಲು ಕೀಳಿನ ವರ್ಗಗಳಿಲ್ಲ ಎಂದು ಅಮೆರಿಕನ್ನರು ಎಷ್ಟು ಗಟ್ಟಿಯಾಗಿ ಹೇಳುತ್ತಾರೋ ಅಷ್ಟು ಅದು ಸುಳ್ಳು ಎಂದು ಅವನು ಬರೆದಿದ್ದ. ಎರಡನೆಯದು ರಾಜಕೀಯದ್ದು. ಎರಡೂ ಪಕ್ಷಗಳ ನಾಯಕರು ಹಗಲು ಜಗಳವಾಡಿ, ಸಂಜೆ ಅದೇ ಸಾಹುಕಾರರ ಊಟದ ಮೇಜಿಗೆ ಬೇರೆ ಬೇರೆ ಬಾಗಿಲಿನಿಂದ ಬರುತ್ತಿದ್ದುದರ ವಿವರ. ಮೂರನೆಯದು ಕೊಳ್ಳುವ ಹುಚ್ಚಿನ ಬಗ್ಗೆ. ಮನೆ ತುಂಬಿ, ಗ್ಯಾರೇಜು ತುಂಬಿ, ಕಾರು ರಸ್ತೆಯಲ್ಲಿ ನಿಂತು, ಕೊನೆಗೆ ಬೇಡದ ಸಾಮಾನು ಇಡಲಿಕ್ಕೆ ಊರ ಹೊರಗೆ ಬಾಡಿಗೆ ಗೋದಾಮು ಹಿಡಿಯುವ ಕುಟುಂಬಗಳು.

ಇದನ್ನು ತರಗತಿಯಲ್ಲಿ ಹೇಳಿದಾಗ ಮಕ್ಕಳು ನಕ್ಕರು. ಆಮೇಲೆ ಒಬ್ಬ ಹುಡುಗಿ ಕೈ ಎತ್ತಿ, "ಮ್ಯಾಮ್, ನಮ್ಮದೂ ಅಲ್ ಕೂಜ್‌ನಲ್ಲಿ ಅಂಥದ್ದೇ ಒಂದು ಸ್ಟೋರೇಜ್ ಯೂನಿಟ್ ಇದೆ" ಎಂದಳು. ಅವಳೇ ಅಶ್ಮಿತಾ, ಸುಜಿತ್‌ನ ಒಬ್ಬಳೇ ಮಗಳು.

ಸುಜಿತ್ ಉಡುಪಿ ಕಡೆಯವನು. ಶಾಪಿಂಗ್ ಮಾಲುಗಳಿಗೆ, ದೊಡ್ಡ ಅಂಗಡಿಗಳಿಗೆ ಸೇಲ್ ನಡೆಸಿಕೊಡುವ ಕಂಪೆನಿ ಅವನದು. ಜಾಹೀರಾತು, ಲಕ್ಕಿ ಡ್ರಾ, ಕಾರಿನ ಬಹುಮಾನ ಎಲ್ಲ ಅವನ ಕೈಯಲ್ಲಿ. ಮನೆಯಲ್ಲಿರುವ ಒಂದು ವಸ್ತುವನ್ನು ಯಾಕೆ ಕೊಂಡಿರಿ ಎಂದು ಬರೆಯಿರಿ ಅಂತ ಸುಮೀನಾ ಹೋಂವರ್ಕ್ ಕೊಟ್ಟಾಗ, ಅಶ್ಮಿತಾ ತನ್ನ ಅಪ್ಪನ ಬಗ್ಗೆ ಬರೆದಳು. ಸೇಲಿಗೆ ಮುಂಚೆ ಬೆಲೆ ಏರಿಸುವುದು, ಆಮೇಲೆ ಅದನ್ನೇ ಇಳಿಸಿ ಕೆಂಪು ಚೀಟಿ ಅಂಟಿಸುವುದು, ಊಟದ ಮೇಜಿನಲ್ಲಿ ಅದನ್ನು ಹೇಳಿಕೊಂಡು ಅಪ್ಪ ನಗುವುದು. ಅವಳು ಅದನ್ನು ತರಗತಿಯಲ್ಲಿ ಓದಿದಾಗ ಯಾರೋ ಫೋನಿನಲ್ಲಿ ವೀಡಿಯೋ ಹಿಡಿದುಕೊಂಡರು. ಎರಡು ದಿನದಲ್ಲಿ ಅದು ಪೋಷಕರ ವಾಟ್ಸಾಪ್ ಗುಂಪಿಗೆ ಬಂತು.

ಸುಜಿತ್ ಶಾಲೆಗೆ ಬಂದು ಪ್ರಿನ್ಸಿಪಾಲರ ಎದುರು ಕೂತ. ಮಗಳ ಬಗ್ಗೆ ಒಂದು ಮಾತನ್ನೂ ಆಡಲಿಲ್ಲ. "ಈ ಟೀಚರ್ ಮಕ್ಕಳಿಗೆ ರಾಜಕೀಯ ಕಲಿಸ್ತಾರೆ. ಇದು ಯಾವ ದೇಶ ಅಂತ ನಿಮಗೆ ಗೊತ್ತುಂಟಲ್ಲ ಸರ್" ಎಂದಷ್ಟೇ ಹೇಳಿದ. ಅಷ್ಟು ಸಾಕಾಯಿತು. ಸಂಜೆಯೊಳಗೆ ಅವಳಿಂದ ರಾಜೀನಾಮೆ ಬರೆಸಿಕೊಂಡರು.

ರಾಝಿಕ್ ಬೇಡವೆಂದರೂ ಸುಮೀನಾ ಸುಜಿತ್‌ನ ಆಫೀಸಿಗೆ ಹೋದಳು. ಅವನು ಚಾ ತರಿಸಿದ, ಊರು ಕೇಳಿದ, ಪಾಣೆಮಂಗಳೂರಿನ ಸೇತುವೆಯ ಬಗ್ಗೆ ತುಳುವಿನಲ್ಲಿ ಏನೋ ತಮಾಷೆ ಮಾಡಿದ. ಅವಳು ಕೈ ಜೋಡಿಸಲಿಲ್ಲ ಎನ್ನುವುದೊಂದು ಬಿಟ್ಟರೆ ಉಳಿದೆಲ್ಲ ರೀತಿಯಲ್ಲಿ ಬೇಡಿದಳು.

"ನೀವೊಂದು ಮಾತು ಹೇಳಿದ್ರೆ ಪ್ರಿನ್ಸಿಪಾಲ್ ಕೇಳ್ತಾರೆ. ನನ್ನ ಮಗಳಿಗೆ ಇನ್ನೊಂದು ವರ್ಷ ಶಾಲೆ ಉಂಟು."

"ಟೀಚರ್, ಅಮೆರಿಕದ ಕಥೆ ಅಮೆರಿಕಕ್ಕೆ ಹೋಗಿ ಹೇಳಬೇಕು. ಇಲ್ಲಿ ನಾವೆಲ್ಲ ಹೊಟ್ಟೆಪಾಡಿಗೆ ಬಂದವರು." ಅವನು ಡ್ರಾವರಿನಿಂದ ವೋಚರ್ ತೆಗೆದು ಮೇಜಿನ ಮೇಲೆ ದೂಡಿದ. "ತಪ್ಪು ತಿಳ್ಕೊಳ್ಬೇಡಿ. ಹೋಗುವ ಮುಂಚೆ ಮಗಳಿಗೆ ಎಂತಾದ್ರೂ ತೆಗೀರಿ. ಸೇಲ್ ನಡೀತಾ ಉಂಟು."

ಶವರ್ಮಾ ಅಂಗಡಿಯ ಎದುರು ಅವಳು ಆ ವೋಚರನ್ನು ಹರಿದು ಕಸದ ಡಬ್ಬಿಗೆ ಹಾಕಿದಳು. ಅಳು ಬರಲಿಲ್ಲ.

ಫೇಸ್‌ಬುಕ್‌ನಲ್ಲಿ ಬರೆಯುವ ಹಾಗಿರಲಿಲ್ಲ. ಇಲ್ಲಿ ಒಬ್ಬರ ಹೆಸರೆತ್ತಿ ಬೈದರೆ ಕೇಸಾಗುತ್ತದೆ. ರಾಝಿಕ್ ಮತ್ತು ಶಹಲಾ ಊರಿಗೆ ಹೋದರು. ಶಹಲಾ ಮಂಗಳೂರಿನ ಹಾಸ್ಟೆಲ್ ಸೇರಿದಳು, ಅಲ್ಲಿಯ ಊಟ ಸೇರದೆ ಮೊದಲ ತಿಂಗಳೇ ಸೊರಗಿದಳು. ಸುಮೀನಾಳಿಗೆ ಅಬುಧಾಬಿಯ ಒಂದು ಪುಸ್ತಕದಂಗಡಿಯಲ್ಲಿ ಕೆಲಸ ಸಿಕ್ಕಿತು. ಆ ಸಂಬಳಕ್ಕೆ ಕುಟುಂಬದ ವೀಸಾ ಇರಲಿಲ್ಲ. ಇನ್ನೂ ಮೂವರು ಹೆಂಗಸರಿದ್ದ ಕೋಣೆಯಲ್ಲಿ ಒಂದು ಮಂಚ ಅವಳ ಪಾಲಿಗೆ ಬಂತು. ಪರದೆ ಎಳೆದುಕೊಂಡರೆ ಅದೇ ಮನೆ.

ಎರಡು ವರ್ಷದ ನಂತರ ಒಂದು ಮಧ್ಯಾಹ್ನ ಅಶ್ಮಿತಾ ಆ ಅಂಗಡಿಗೆ ಬಂದಳು. ಅಬುಧಾಬಿಯಲ್ಲೇ ಕಾಲೇಜು ಸೇರಿದ್ದಳು, ಮನೆಯಿಂದಲೇ ಹೋಗಿ ಬರುತ್ತಿದ್ದಳು. ಕೌಂಟರಿನ ಹಿಂದೆ ಟೀಚರನ್ನು ಕಂಡು ಅವಳ ಮುಖ ಬಿಳಿಚಿತು.

"ಮ್ಯಾಮ್, ಐ ಆಮ್ ಸೋ ಸಾರಿ. ನನ್ನಿಂದಲೇ ಆದದ್ದು. ನಾನು ಎಷ್ಟು ಸಲ ಮೆಸೇಜ್ ಬರೆದು ಡಿಲೀಟ್ ಮಾಡಿದ್ದೇನೆ."

ಸುಮೀನಾಳಿಗೆ ಆ ಹುಡುಗಿಯ ಮೇಲೆ ಕೋಪವಿರಲಿಲ್ಲ. ಕನಿಕರವೂ ಇರಲಿಲ್ಲ. ಅವಳು ನೋಡಿದ್ದು ಸುಜಿತ್‌ನ ಮೂಗು, ಸುಜಿತ್‌ನ ಹುಬ್ಬು. ಅವನಿಗೆ ಇರುವವಳು ಇವಳೊಬ್ಬಳೇ ಎಂಬುದು ಆಗ ಸ್ಪಷ್ಟವಾಗಿ ತಲೆಗೆ ಬಂತು.

"ಹೋಗ್ಲಿ ಬಿಡು. ಕ್ರೇನ್‌ಶಾನ ಪುಸ್ತಕ ನೀನು ಪೂರ್ತಿ ಓದಿದ್ದೀಯಾ?" ಎಂದು ಕೇಳಿದಳು.

"ಇಲ್ಲ ಮ್ಯಾಮ್. ನೀವು ಕ್ಲಾಸಿನಲ್ಲಿ ಹೇಳಿದ್ದಷ್ಟೇ."

"ಹಾಗಾದ್ರೆ ಮೊದಲನೆಯದರಿಂದ ಶುರು ಮಾಡು. ನನ್ನದೇ ಪ್ರತಿ ಕೊಡ್ತೇನೆ."

ಅವಳು ಕ್ರಮ ಯೋಚಿಸಿಯೇ ಕೊಟ್ಟಳು. ಕೊಳ್ಳುವ ಹುಚ್ಚಿನ ಪುಸ್ತಕ ಮೊದಲು ಕೊಟ್ಟರೆ ಹುಡುಗಿ ಒಂದು ವಾರ ಹೊಸ ಬಟ್ಟೆ ಕೊಳ್ಳದೆ ಇದ್ದು ಮರೆತುಬಿಡುತ್ತಾಳೆ. ವರ್ಗದ ಪುಸ್ತಕ ಮೊದಲು ಓದಿದರೆ ತನ್ನ ಮನೆಯನ್ನೇ ನೋಡಲು ಶುರುಮಾಡುತ್ತಾಳೆ.

ಹಾಗೆಯೇ ಆಯಿತು. ಎರಡು ವಾರಕ್ಕೊಮ್ಮೆ ಅಶ್ಮಿತಾ ಬರತೊಡಗಿದಳು. ಅವರ ಮನೆಯಲ್ಲಿ ಅಡುಗೆಗಿರುವ ಪುಟ್ಟಮ್ಮ ಊಟ ಮಾಡುವುದು ಎಲ್ಲಿ ಎಂದು ಸುಮೀನಾ ಕೇಳಿದಾಗ ಹುಡುಗಿಗೆ ಉತ್ತರ ಗೊತ್ತಿರಲಿಲ್ಲ. ಮುಂದಿನ ಸಲ ತಿಳಿದುಕೊಂಡು ಬಂದಳು. ಬಟ್ಟೆ ಒಗೆಯುವ ಮೆಷಿನ್ ಇರುವ ಕಿಟಕಿಯಿಲ್ಲದ ಕೋಣೆಯಲ್ಲಿ, ಸ್ಟೂಲಿನ ಮೇಲೆ ತಟ್ಟೆಯಿಟ್ಟುಕೊಂಡು. "ನಾನು ಇಷ್ಟು ವರ್ಷ ನೋಡ್ಲೇ ಇಲ್ಲ ಮ್ಯಾಮ್" ಎಂದು ಅತ್ತಳು. ಸುಮೀನಾ ಅವಳಿಗೆ ಟಿಶ್ಯೂ ಕೊಟ್ಟು, ಎರಡನೆಯ ಪುಸ್ತಕ ಕೊಟ್ಟಳು.

ಎರಡನೆಯ ಪುಸ್ತಕ ಮುಗಿಯುವ ಹೊತ್ತಿಗೆ ಅಪ್ಪ ಮಗಳು ಊಟದ ಹೊತ್ತಿನಲ್ಲಿ ಮಾತಾಡುವುದು ನಿಂತಿತ್ತು. ಅಮ್ಮ ಅಕ್ಷಿತಾ ನಡುವೆ ಸಿಕ್ಕಿ ಕಂಗಾಲಾಗಿದ್ದಳು. ಇದನ್ನೆಲ್ಲ ಹುಡುಗಿ ಬಂದು ಹೇಳುತ್ತಿದ್ದಳು, ಸುಮೀನಾ ತಲೆಯಾಡಿಸಿ ಕೇಳುತ್ತಿದ್ದಳು. ಅಪ್ಪನ ವಿರುದ್ಧ ತಾನಾಗಿ ಒಂದು ಮಾತೂ ಆಡುತ್ತಿರಲಿಲ್ಲ. ಆಡುವ ಅಗತ್ಯವಿರಲಿಲ್ಲ. ಬರೀ ಪ್ರಶ್ನೆ ಕೇಳುತ್ತಿದ್ದಳು, ಒಳ್ಳೆಯ ಟೀಚರ್ ಕೇಳುವ ಹಾಗೆ. ತಾನು ಒಳ್ಳೆಯ ಟೀಚರ್ ಎಂಬುದು ಅವಳಿಗೆ ಯಾವಾಗಲೂ ಗೊತ್ತಿತ್ತು. ಪರದೆಯ ಹಿಂದೆ ಮಲಗಿ ಮುಂದಿನ ಪ್ರಶ್ನೆ ಯಾವುದಿರಬೇಕೆಂದು ಲೆಕ್ಕ ಹಾಕುವಾಗ ಅವಳಿಗೆ ಬಹಳ ದಿನಗಳ ಮೇಲೆ ಚೆನ್ನಾಗಿ ನಿದ್ದೆ ಬರುತ್ತಿತ್ತು.

ಊರಿನಿಂದ ರಾಝಿಕ್ ಫೋನ್ ಮಾಡಿದಾಗ ಸುಮೀನಾ ವಿಷಯ ಹೇಳಿದಳು.

"ಆ ಮಗು ಎಂತ ಮಾಡಿದೆ ಸುಮೀನಾ?"

"ಶಹಲಾ ಎಂತ ಮಾಡಿದ್ದಳು?"

ಆ ಚಳಿಗಾಲದಲ್ಲಿ ಸುಜಿತ್‌ನ ಕಂಪೆನಿಗೆ ಅದುವರೆಗಿನ ದೊಡ್ಡ ಕೆಲಸ ಸಿಕ್ಕಿತ್ತು. ಇಡೀ ವರ್ಷದ ಸೇಲ್, ಹಲವು ಮಾಲುಗಳಲ್ಲಿ. ಜಾಹೀರಾತಿನಲ್ಲಿ ಮಗಳೇ ಇರಬೇಕೆಂದು ಅವನು ಹಟ ಹಿಡಿದಿದ್ದ. ಓದು ಮುಗಿದ ಮೇಲೆ ಕಂಪೆನಿ ಅವಳದೇ ಎಂದು ಎಲ್ಲರ ಹತ್ತಿರ ಹೇಳಿಕೊಂಡಿದ್ದ. ಅಶ್ಮಿತಾ ಅಪ್ಪನಿಗಾಗಿ ಒಪ್ಪಿದ್ದಳು, ಫೋಟೋ ತೆಗೆಸುವ ದಿನವೂ ನಿಗದಿಯಾಗಿತ್ತು.

ಸುಮೀನಾ ಮೂರನೆಯ ಪುಸ್ತಕ ಕೊಟ್ಟದ್ದು ಆ ವಾರ.

ಅಲ್ ಕೂಜ್‌ನ ಸ್ಟುಡಿಯೋದಲ್ಲಿ ಅಂಗಡಿ ಮಾಲಿಕರು, ಕ್ಯಾಮೆರಾದವರು ಎಲ್ಲ ಕಾಯುತ್ತಿದ್ದಾಗ ಅಶ್ಮಿತಾ ಬಂದಳು. ತಮ್ಮ ಬಾಡಿಗೆ ಗೋದಾಮಿಗೆ ಹೋಗಿ, ಬೆಲೆಚೀಟಿ ಕೀಳದ ಪೆಟ್ಟಿಗೆಗಳನ್ನು ಕಾರಿನ ತುಂಬ ಹೇರಿಕೊಂಡು ಬಂದಿದ್ದಳು. ಹಿಟ್ಟು ಕಲಸುವ ಮೆಷಿನ್, ಎರಡು ಟ್ರೆಡ್‌ಮಿಲ್ಲಿನ ಬಿಡಿಭಾಗಗಳು, ತನ್ನದೇ ಹತ್ತನೇ ವರ್ಷದ ಆಟದ ಸಾಮಾನು. ಎಲ್ಲವನ್ನೂ ಕ್ಯಾಮೆರಾ ಎದುರು ಜೋಡಿಸಿದಳು. "ಡ್ಯಾಡಿ, ಇದರ ಜೊತೆ ನನ್ನ ಫೋಟೋ ತೆಗೀರಿ" ಎಂದಳು. ಅವಳು ದನಿ ಏರಿಸಲಿಲ್ಲ. ಸುಜಿತ್ ನಗಲು ನೋಡಿದ, ಆಮೇಲೆ ಎಲ್ಲರೆದುರು ಅವಳ ಕೆನ್ನೆಗೆ ಹೊಡೆದ. ಅದುವರೆಗೆ ಅವನು ಅವಳನ್ನು ಹೊಡೆದವನಲ್ಲ.

ಅವತ್ತೇ ಅವಳು ಮನೆ ಬಿಟ್ಟು ಕಾಲೇಜಿನ ಹಾಸ್ಟೆಲಿಗೆ ಹೋದಳು. ಅಪ್ಪನ ನಂಬರ್ ಬ್ಲಾಕ್ ಮಾಡಿದಳು. ಆ ದೊಡ್ಡ ಕೆಲಸ ಬೇರೆ ಕಂಪೆನಿಯ ಪಾಲಾಯಿತು.

ಹತ್ತು ದಿನ ಕಳೆದು ಸುಜಿತ್ ಅಬುಧಾಬಿಯ ಅಂಗಡಿಗೆ ಬಂದ. ಗಡ್ಡ ಬಿಟ್ಟಿದ್ದ. ಶರ್ಟಿನ ಕಾಲರ್ ಒಂದು ಕಡೆ ಮಡಿಚಿಕೊಂಡಿದ್ದು ಅವನಿಗೆ ಗೊತ್ತಿರಲಿಲ್ಲ. ಮಗಳ ಕೋಣೆಯಲ್ಲಿ ಉಳಿದಿದ್ದ ಕ್ರೇನ್‌ಶಾನ ಪುಸ್ತಕಗಳ ಮೊದಲ ಪುಟದಲ್ಲಿ ಸುಮೀನಾಳ ಹೆಸರು ನೋಡಿ, ವಿಚಾರಿಸಿ ಹುಡುಕಿಕೊಂಡು ಬಂದಿದ್ದ. ಹೆಸರನ್ನು ಅವಳು ಅಳಿಸದೆ ಬಿಟ್ಟದ್ದು ಬೇಕೆಂದೇ.

"ಟೀಚರ್, ನನ್ನ ಮಗಳಿಗೆ ಎಂತ ಮಾಡಿದ್ರಿ?"

"ಓದಲಿಕ್ಕೆ ಪುಸ್ತಕ ಕೊಟ್ಟೆ."

"ಅವಳಮ್ಮ ಊಟ ಬಿಟ್ಟಿದ್ದಾಳೆ. ಅಶ್ಮಿತಾ ಈಗ ನಿಮ್ಮ ಮಾತು ಮಾತ್ರ ಕೇಳುದು. ಒಂದು ಫೋನ್ ಮಾಡ್ಲಿಕ್ಕೆ ಹೇಳಿ, ಅಷ್ಟೇ. ಮನೆಗೆ ಬರುದೂ ಬೇಡ."

ಸುಮೀನಾ ಅವನನ್ನು ನಿಲ್ಲಿಸಿಯೇ ಇಟ್ಟಳು. ಪಕ್ಕದಲ್ಲಿ ಕುರ್ಚಿಯಿತ್ತು.

"ನಾನು ಹೇಳಿದ್ರೆ ಕೇಳ್ತಾಳೆ, ಹೌದು."

"ಹೇಳ್ತೀರಾ?"

"ಇಲ್ಲ."

ಅವನು ಕೌಂಟರನ್ನು ಹಿಡಿದುಕೊಂಡ. "ನಾನು ತಪ್ಪು ಮಾಡಿದ್ದು ಹೌದು. ನಿಮ್ಮ ಗಂಡನಿಗೆ ಕೆಲಸ ಕೊಡಿಸ್ತೇನೆ. ವೀಸಾ ನಾನು ನೋಡ್ಕೊಳ್ತೇನೆ. ನಿಮ್ಮ ಮಗಳನ್ನು ವಾಪಸ್ ಕರ್ಸಿ."

"ಶಹಲಾಳಿಗೆ ಈಗ ಹದಿನೆಂಟು. ಅವಳು ನನ್ನಿಂದ ದೂರ ಬೆಳೆದದ್ದನ್ನು ಯಾವ ವೀಸಾದಲ್ಲಿ ಕರ್ಸುದು?" ಅವಳು ಕಪಾಟಿನ ಕಡೆ ತಿರುಗಿ ಒಂದು ಪುಸ್ತಕ ತೆಗೆದಳು. "ಕ್ರೇನ್‌ಶಾನ ಹೊಸ ಪುಸ್ತಕ ಬಂದಿದೆ. ಬೇಕಾದ್ರೆ ಬಿಲ್ ಮಾಡ್ತೇನೆ. ಡಿಸ್ಕೌಂಟ್ ಇಲ್ಲ."

ಸುಜಿತ್‌ನ ಕಣ್ಣು ತುಂಬಿತು. ಅವನು ಆ ಪುಸ್ತಕ ಕೊಂಡ. ಯಾಕೆ ಕೊಂಡನೋ ಅವನಿಗೂ ಗೊತ್ತಿರಲಿಕ್ಕಿಲ್ಲ. ಅವನು ಚೀಲ ಹಿಡಿದು ಬಾಗಿಲು ದಾಟುವವರೆಗೆ ಸುಮೀನಾ ನೋಡಿದಳು. ಆ ಹೊತ್ತಿನ ಸುಖ ಅವಳು ಎಣಿಸಿದಷ್ಟೇ ಇತ್ತು, ಸ್ವಲ್ಪವೂ ಕಡಿಮೆಯಿರಲಿಲ್ಲ.

ಮರುದಿನ ಅಶ್ಮಿತಾ ಬಂದಳು. ಅಮ್ಮ ಹಾಸ್ಟೆಲಿಗೆ ಬಂದು, ಆ ಪುಸ್ತಕಗಳನ್ನು ಕೊಟ್ಟು, ಅಪ್ಪ ಅಂಗಡಿಗೆ ಹೋದದ್ದನ್ನೆಲ್ಲ ಹೇಳಿದ್ದಳು. ಅವಳು ಕೌಂಟರಿನಿಂದ ದೂರವೇ ನಿಂತಳು.

"ಮ್ಯಾಮ್, ಡ್ಯಾಡಿಗೆ ನೋವಾಗಲಿ ಅಂತ ನನಗೆ ಆ ಪುಸ್ತಕ ಕೊಟ್ಟದ್ದಾ?"

ಸುಮೀನಾ ಸುಳ್ಳು ಹೇಳಬಹುದಿತ್ತು. "ಹೌದು" ಎಂದಳು.

"ಅದರಲ್ಲಿ ಬರೆದದ್ದು ಸುಳ್ಳಾ?"

"ಅಲ್ಲ. ಒಂದಕ್ಷರವೂ ಅಲ್ಲ."

"ಹಾಗಾದ್ರೆ ನಾನು ಮನೆಗೆ ಹೋಗುದಿಲ್ಲ. ಇಲ್ಲಿಗೂ ಬರುದಿಲ್ಲ. ಯು ಯೂಸ್ಡ್ ಮಿ. ಡ್ಯಾಡಿ ಫೋಟೋಗೆ ನಿಲ್ಲಿಸ್ಲಿಕ್ಕೆ ನೋಡಿದ್ರು, ನೀವು ಇದಕ್ಕೆ." ಚೀಲದಿಂದ ಮೂರು ಪುಸ್ತಕಗಳನ್ನು ತೆಗೆಯಲು ಹೋಗಿ, ಮನಸ್ಸು ಬದಲಿಸಿ, ಮತ್ತೆ ಒಳಗಿಟ್ಟುಕೊಂಡಳು. "ಇದು ನನಗೆ ಬೇಕು" ಎಂದು ಹೇಳಿ ಹೊರಟುಹೋದಳು.

ಆ ಮಾತು ನಾಟಿತು. ಆದರೂ ಸುಮೀನಾ ಅವಳ ಹಿಂದೆ ಓಡಲಿಲ್ಲ. ಊಟದ ಬಿಡುವಿನಲ್ಲಿ ಕಾರ್ನಿಶ್‌ನ ಕಡಲತೀರದ ಕಡೆ ನಡೆದು ಹೋಗಿ ಒಂದು ಬೆಂಚಿನಲ್ಲಿ ಕೂತು ರಾಝಿಕ್‌ಗೆ ಫೋನ್ ಮಾಡಿ ಎಲ್ಲವನ್ನೂ ಹೇಳಿದಳು.

"ಈಗ ಸಮಾಧಾನ ಆಯ್ತಾ?" ಅವನ ದನಿಯಲ್ಲಿ ವ್ಯಂಗ್ಯವಿರಲಿಲ್ಲ.

"ಅವನ ಲೆಕ್ಕ ಆಯ್ತು" ಎಂದಳು. "ನನ್ನದು ಇನ್ನೂ ಗೊತ್ತಿಲ್ಲ."

"ಊರಿಗೆ ಬಾ. ಸಾಕು."

"ಶಹಲಾ ಇದ್ದಾಳಾ ಅಲ್ಲಿ? ಕೊಡು."

ಫೋನು ಕೈ ಬದಲಾಯಿಸುವ ಸದ್ದಾಯಿತು. ಶಹಲಾ "ಹಲೋ" ಎಂದಳು, ಪರಿಚಯದ ಯಾರಿಗೋ ಹೇಳುವ ಹಾಗೆ. ಸುಮೀನಾ ಬೆಂಚಿನ ಮೇಲೆ ನೆಟ್ಟಗೆ ಕೂತು, ಅವಳು ಬೆಳಿಗ್ಗೆ ಏನು ತಿಂದಳು ಎಂದು ಕೇಳಿದಳು.