ಕಾಡತ್ತಿ ದೊಣೆಯ ಸೋರೆಬುರುಡೆ

ಸತ್ತವರಿಗಾಗಿ ಮಾಡುವ ಒಂಬತ್ತು ದಿನಗಳ ಜಪ ಮುಗಿದಿತ್ತು. ಅತ್ತೆ ಬಸ್ಸು ಹತ್ತಿದ್ದರು. ಬಾಡಿಗೆ ಕುರ್ಚಿಗಳನ್ನು ಅಂಗಡಿಯವರು ಒಯ್ದಿದ್ದರು. ಬೆಳಿಗ್ಗೆ ಗ್ಯಾಸಿನ ಗಾಡಿಯವನು ಎಂದಿನ ಹಾಡು ಹಾಕಿಕೊಂಡು ಬೀದಿಯಲ್ಲಿ ಹೋದ. ನಾನು ಎದ್ದು ಕಾಫಿ ಮಾಡಿ ಕುಡಿದೆ. ಲೋಟ ತೊಳೆದಿಟ್ಟೆ.

ಪಕ್ಕದ ಮನೆಯಾಕೆ ಬಾಗಿಲು ಬಡಿದಳು. ನಮ್ಮ ಪಿಕಪ್ ಗಾಡಿ ಅವಳ ಗೇಟಿಗೆ ಅಡ್ಡ ನಿಂತಿತ್ತಂತೆ. ಹೇಳಲು ಮನಸ್ಸಾಗದೆ ಇಷ್ಟು ದಿನ ಸುಮ್ಮನಿದ್ದಳಂತೆ. ಅದನ್ನು ಅಲ್ಲಿ ನಿಲ್ಲಿಸಿದ್ದು ನನ್ನ ಗಂಡ ಎಫ್ರಾಯಿನ್. ಅಂದು ಬೆಟ್ಟದಿಂದ ಬಂದವನು ಸ್ನಾನ ಮಾಡಿದ, ಗೋಡೆಯ ಮೇಲಿನ ನಕ್ಷೆಗೆ ಒಂದು ನೀಲಿ ಚುಕ್ಕೆ ಇಟ್ಟ, ಊಟಕ್ಕೆ ಕೂತ. ಏಳಲಿಲ್ಲ. ತಲೆಯೊಳಗೆ ರಕ್ತನಾಳ ಒಡೆದಿತ್ತು ಎಂದರು ಡಾಕ್ಟರು. ಅವನಿಗೆ ಮೂವತ್ತಮೂರು.

ಗಾಡಿ ತೆಗೆಯಲು ಹೋದಾಗ ಸೀಟಿನ ಹಿಂದೆ ಅವನ ಕೊಳಕು ಅಂಗಿ ಕಂಡಿತು. ಅಂಗಿಯೊಳಗೆ ಒಂದು ಸೋರೆಬುರುಡೆ. ಪಕ್ಕದಲ್ಲಿ ಬಾಯಿ ಕೊರೆದು, ಕುತ್ತಿಗೆಗೆ ಹಗ್ಗ ಕಟ್ಟಿದ, ನೀರು ಮೊಗೆಯುವ ಬುರುಡೆ. ಬಿಸಿಲಿಗೆ ಒಣಗಿ ಕೂದಲೆಳೆಯಷ್ಟು ಬಿರುಕು ಬಿಟ್ಟಿತ್ತು. ಹಗ್ಗ ಮಾತ್ರ ಹೊಸದು, ಮೀನುಗಾರರ ಹಸಿರು ಹುರಿ. ಗಂಟು ಎಫ್ರಾಯಿನನದು. ಅವನ ಅಪ್ಪ ದೋಣಿ ಕಟ್ಟಿಹಾಕುತ್ತಿದ್ದ ಗಂಟು.

ಅಡುಗೆಮನೆಗೆ ತಂದು, ಬಿರುಕು ಕೂಡಿಕೊಳ್ಳಲೆಂದು ಬಕೆಟ್ಟಿನ ನೀರಿನಲ್ಲಿ ಮುಳುಗಿಸಿ, ತೇಲದಂತೆ ಮೇಲೆ ತಟ್ಟೆ ಹೇರಿದೆ. ಆಮೇಲೆ ನಕ್ಷೆಯ ಮುಂದೆ ಹೋಗಿ ನಿಂತೆ.

ನಾವು ಮಾಡುತ್ತಿದ್ದದ್ದು ಮೆಕ್ಸಿಕೊದ ಈ ಪರ್ಯಾಯ ದ್ವೀಪದ ಒಳಬೆಟ್ಟಗಳ ನಕ್ಷೆ ಪುಸ್ತಕ. ರಸ್ತೆ ಮುಗಿದ ಮೇಲೆ ಕಾಲಿಗೆ ಬೇಕಾಗುವಂಥದ್ದು. ಎಫ್ರಾಯಿನ್ ನಡೆದು ಅಳೆಯುತ್ತಿದ್ದ. ನಾನು ಮೆಕ್ಸಿಕೊ ನಗರದಲ್ಲಿ ಭೂಗೋಳ ಓದಿದವಳು. ಹಾಳೆ ತಿದ್ದುವುದು, ಕಳ್ಳಿ, ಹಕ್ಕಿ, ಹಾವುಗಳ ಬಗ್ಗೆ ಬರೆಯುವುದು ನನ್ನ ಪಾಲು. ಒಂದು ಹಾಳೆ ಮಾತ್ರ ಬಾಕಿ ಇತ್ತು. ಆ ಹಾಳೆಯ ಹಳೆಯ ಹೇಸರಗತ್ತೆ ದಾರಿಯಲ್ಲಿ ಬಹಳ ದೂರ ನೀರಿಲ್ಲ. ಅಲ್ಲಿ ಈಗ ಬಂಡೆಯ ನೀರುಗುಂಡಿಯೊಂದನ್ನು ತೋರಿಸುವ ಅವನ ಚುಕ್ಕೆ ಇತ್ತು. ಪಕ್ಕದಲ್ಲಿ ಅವನದೇ ಅಕ್ಷರ: ಕಾಡತ್ತಿ ದೊಣೆ, ವರ್ಷವಿಡೀ ನೀರು.

ಆ ದೊಣೆಯನ್ನು ಪುಸ್ತಕದಲ್ಲಿ ಹಾಕಲು ಅಲ್ಲಿಯ ಮನೆಯವರನ್ನು ಕೇಳಿ ಬಂದವನು ಅಂದು ಬಾಗಿಲಲ್ಲೇ ಹೇಳಿದ್ದ. "ಒಪ್ಪಿದ್ರು ಕಣೇ! ಅದಕ್ಕೇನಂತೆ ಅಂದ್ರು. ಕೈಗೆ ಏನೋ ಕೊಟ್ಟೂ ಕಳಿಸಿದ್ರು, ಆಮೇಲೆ ತೋರಿಸ್ತೀನಿ."

ಎಫ್ರಾಯಿನ್ ಕರಾವಳಿಯವನು. ನನ್ನ ಅಜ್ಜಿ ಆ ಬೆಟ್ಟದವಳು. ಅಲ್ಲಿಯವರಿಗೆ ಎದುರು ಕೂತವರಿಗೆ ಇಲ್ಲ ಎನ್ನಲು ಬಾಯಿ ಬರುವುದಿಲ್ಲ. ಯೋಚಿಸಬೇಕಾದದ್ದನ್ನು ಯಾರಾದರೂ ಕೇಳಿದರೆ ಅದಕ್ಕೇನಂತೆ ಎನ್ನುತ್ತಾರೆ, ಮನೆಯ ಯಾವುದಾದರೂ ವಸ್ತುವನ್ನು ಎರವಲು ಕೊಡುತ್ತಾರೆ. ಅದನ್ನು ವಾಪಸು ತಂದ ದಿನ ಉತ್ತರ. ಅಲ್ಲಿಯವರೆಗೆ ಹೌದೂ ಅಲ್ಲ, ಇಲ್ಲವೂ ಅಲ್ಲ. ಅಜ್ಜಿಯನ್ನು ಮದುವೆಗೆ ಕೇಳಲು ಹೋದ ನನ್ನ ತಾತನಿಗೆ ಅವಳಪ್ಪ ಕುದುರೆಯ ಜೀನು ಬಿಗಿಯುವ ಒಂದು ತಡಿಪಟ್ಟಿ ಕೊಟ್ಟು ಕಳಿಸಿದ್ದನಂತೆ. ತಾತ ಹೆದರಿ ಅದನ್ನು ಮಳೆಗಾಲದವರೆಗೂ ಮನೆಯಲ್ಲೇ ಇಟ್ಟುಕೊಂಡನಂತೆ. ಕೊನೆಗೆ ಅಜ್ಜಿಯೇ ಹೇಳಿ ಕಳಿಸಿದಳು: ತಡಿಪಟ್ಟಿ ಬೇಕಂತೆ, ಕುದುರೆ ಕಾಯ್ತಿದೆ.

ಹಾಗಾದರೆ ಈ ಬುರುಡೆ ನಮ್ಮ ಮನೆಯಲ್ಲಿರುವವರೆಗೂ ಆ ಚುಕ್ಕೆಗೆ ಒಪ್ಪಿಗೆ ಸಿಕ್ಕಿಲ್ಲ.

ಮಧ್ಯಾಹ್ನ ಲಿಯೊನೆಲ್ ಫೋನ್ ಮಾಡಿದ. ಪುಸ್ತಕ ಅಚ್ಚು ಹಾಕುವವನು, ಎಫ್ರಾಯಿನನ ಶಾಲೆಯ ಗೆಳೆಯ.

"ಗ್ರಿಸೆಲ್ದಾ, ಇವತ್ತು ಕೇಳ್ಬಾರ್ದು. ಆದ್ರೂ ಕೇಳ್ತೀನಿ. ಕೊನೇ ಹಾಳೆ ಕಳಿಸ್ತೀಯಾ?"

"ಈ ವಾರ ಆಗಲ್ಲ."

"ಮೆಷಿನ್ ಖಾಲಿ ನಿಂತಿದೆ ಮಾರಾಯ್ತಿ. ಕಟುಕರ ಸಂಘದ ಕ್ಯಾಲೆಂಡರ್ ಹೊಡ್ಕೊಂಡು ಕೂರ್ಲಾ?"

"ಹೊಡಿ."

ಅವನು ನಗಲಿಲ್ಲ. ನಾನು ಬುರುಡೆಯ ವಿಷಯ ಹೇಳಿದೆ.

"ನೋಡು, ಅವನು ಸುಳ್ಳು ಹೇಳಿಲ್ಲ. ಒಪ್ಪಿದ್ರು ಅಂತಾನೇ ತಿಳ್ಕೊಂಡಿದ್ದ. ಅಲ್ಲಿ ನೀರಿದೆ ಅನ್ನೋದೂ ನಿಜ. ಅದು ಅವನು ಇಟ್ಟ ಕೊನೇ ಚುಕ್ಕೆ ಗ್ರಿಸೆಲ್ದಾ. ಆ ಬುರುಡೆ ನಿಮ್ಮನೇಲಿದ್ರೆ ಯಾರು ಬಂದು ಕೇಳ್ತಾರೆ?"

"ಯಾರೂ ಕೇಳಲ್ಲ."

"ಮತ್ತೆ?"

ಆ ಚುಕ್ಕೆ ಉಳಿಯಲಿ ಎಂದು ಅವನಿಗಿಂತ ನನಗೆ ಹೆಚ್ಚು ಆಸೆಯಿತ್ತು. ಅದರ ನೀಲಿ ಇನ್ನೂ ಹೊಳೆಯುತ್ತಿತ್ತು. ಅದರ ಮೇಲೆ ಬಿಳಿ ಬಣ್ಣ ಬಳಿಯುವ ನನ್ನ ಕೈಯನ್ನು ಊಹಿಸಲೂ ಆಗಲಿಲ್ಲ.

ಮರುದಿನ ಬುರುಡೆಯನ್ನು ಒದ್ದೆ ಬಟ್ಟೆಯಲ್ಲಿ ಸುತ್ತಿ ಗಾಡಿ ಹತ್ತಿದೆ.

ನಮ್ಮ ಊರು ಲಾ ಪಾಸಿನಿಂದ ಡಾಂಬರು ರಸ್ತೆ, ಆಮೇಲೆ ಮಣ್ಣಿನ ರಸ್ತೆ, ಆಮೇಲೆ ಒಣಹಳ್ಳದ ಪಾತ್ರವೇ ರಸ್ತೆ. ಗೇಟು ಹಾಕಿತ್ತು. ತೆಗೆದು, ದಾಟಿ, ಮತ್ತೆ ಹಾಕಿದೆ. ಗಾಡಿ ಅಲ್ಲೇ ಬಿಟ್ಟು ಕಾರ್ಡೋನ್ ಕಳ್ಳಿಗಳ ನಡುವೆ ನಡೆದೆ. ಅವು ನನಗಿಂತ ನಾಲ್ಕೈದು ಆಳು ಎತ್ತರ ನಿಂತಿದ್ದವು. ಪುಸ್ತಕದಲ್ಲಿ ಅವುಗಳ ಬಗ್ಗೆ ಎರಡು ಪುಟ ಬರೆದಿದ್ದೇನೆ. ಒಂದು ವಾಕ್ಯವೂ ನೆನಪಾಗಲಿಲ್ಲ.

ದೊಣೆಯ ಒಡೆಯರ ಮನೆಯ ಮುಂದಿನ ತಾಳೆಗರಿಯ ಚಪ್ಪರದಡಿ ಮುದುಕ ದೋನ್ ತಾಚೋ ತೊಗಲಿನ ಹಗ್ಗ ಹೆಣೆಯುತ್ತಿದ್ದ. ಒಳಗೆ ಅವನ ಹೆಂಡತಿ ದೋನ್ಯಾ ಎದುವಿಹೆಸ್ ಆಡಿನ ಹಾಲಿನ ಚೀಸಿನ ಮೇಲೆ ಕಲ್ಲು ಹೇರುತ್ತಿದ್ದಳು. ಹಿಂದೊಮ್ಮೆ ಎಫ್ರಾಯಿನನ ಜೊತೆ ಬಂದಿದ್ದ ನನ್ನನ್ನು ಮುದುಕ ಗುರುತು ಹಿಡಿದ.

"ಎದೂ, ನೋಡೇ, ನಕ್ಷೆಯವನ ಹೆಂಡ್ತಿ! ಒಬ್ಳೇ ಬಂದವ್ಳೆ. ಗಂಡ ಎಲ್ಲವ್ವಾ? ದಾರಿ ತಪ್ಪಿಸ್ಕೊಂಡ್ನಾ? ಊರಿಗೆಲ್ಲಾ ದಾರಿ ತೋರ್ಸೋನು!"

"ಸುಮ್ಕಿರು," ಎಂದು ಒಳಗಿನಿಂದ ಎದುವಿಹೆಸ್ ಕೂಗಿದಳು. "ಸ್ವಂತ ಹೇಸರಗತ್ತೆ ಹುಡುಕಕ್ಕೆ ದಿನಾ ನನ್ನೇ ಕಳಿಸ್ತೀಯ. ನಿನಗ್ಯಾಕೆ ಬೇರೇರ ದಾರಿ?"

"ಸತ್ತುಹೋದ," ಎಂದೆ.

ಮುದುಕ ಹಗ್ಗ ಕೆಳಗಿಟ್ಟ. ಟೋಪಿ ತೆಗೆದ. ಅವನ ಹಣೆಯ ಮೇಲೆ ಟೋಪಿಯ ಗೆರೆ ಕೆಂಪಗಿತ್ತು. ಎದುವಿಹೆಸ್ ಕೈಯ ಮೊಸರುನೀರನ್ನು ಒರೆಸದೆ ಹೊರಬಂದು ನನ್ನ ಎರಡೂ ಭುಜ ಹಿಡಿದಳು. ಕೂರಿಸಿದಳು. ಬೆಲ್ಲದ ಬಣ್ಣದ ಕಾಫಿ, ಬಿಸಿ ತೋರ್ತಿಯಾ ರೊಟ್ಟಿ, ಚೀಸು ತಂದಿಟ್ಟಳು.

"ತಿನ್ನು ಮಗ. ತಿಂದ್ಮೇಲೆ ಮಾತು."

ತಿಂದೆ. ತಿನ್ನುತ್ತಿದ್ದೇನೆ ಎಂದು ಬಹಳ ದಿನಗಳ ನಂತರ ತಿಳಿಯಿತು. ಆಮೇಲೆ ಒದ್ದೆ ಬಟ್ಟೆ ಬಿಚ್ಚಿ ಬುರುಡೆಯನ್ನು ಮೇಜಿನ ಮೇಲೆ ಇಟ್ಟೆ.

ಇಬ್ಬರೂ ಅದನ್ನು ನೋಡಿದರು, ಒಬ್ಬರನ್ನೊಬ್ಬರು ನೋಡಿಕೊಂಡರು.

"ನೀನಿದನ್ನ ಇಟ್ಕೊಂಡಿದ್ರೂ ನಡೀತಿತ್ತು," ಎಂದಳು ಎದುವಿಹೆಸ್.

"ನಮ್ಮಜ್ಜಿ ಈ ಬೆಟ್ಟದವಳು."

"ಓ." ಅವಳು ಕುರ್ಚಿ ಎಳೆದುಕೊಂಡು ಕೂತಳು.

ದೋನ್ ತಾಚೋ ಗಂಟಲು ಸರಿ ಮಾಡಿಕೊಂಡ. "ಹಾಕ್ಕೊಳ್ಳವ್ವ. ಆ ಹುಡುಗ ಆಸೆಪಟ್ಟು ಕೇಳಿದ್ದ. ಇನ್ಯಾಕೆ ಮಾತು? ದೊಣೇನ ನಕ್ಷೇಲಿ ಹಾಕ್ಕೊ."

ನನಗೆ ಬೇಕಾದ ಮಾತು ಅದೇ. ಎದ್ದು ಹೊರಟುಬಿಡಬಹುದಿತ್ತು. ಚುಕ್ಕೆ ಇದ್ದಲ್ಲೇ ಇರುತ್ತಿತ್ತು. ಆದರೆ ಮುದುಕ ಆ ಮಾತನ್ನು ನನ್ನ ಬಾಡಿದ ಮುಖ ನೋಡಿಕೊಂಡು ಆಡಿದ್ದ. ಎದುವಿಹೆಸ್ ತಲೆ ತಗ್ಗಿಸಿ ಮೇಜಿನ ಮೇಲಿನ ರೊಟ್ಟಿಚೂರುಗಳನ್ನು ಬೆರಳಿನಿಂದ ಗುಡ್ಡೆ ಮಾಡುತ್ತಿದ್ದಳು.

"ನನ್ನ ಮುಖ ನೋಡಿ ಹೇಳ್ಬೇಡಿ," ಎಂದೆ. "ಎಫ್ರಾಯಿನ್ ಬದುಕಿದ್ದು, ಅವನೇ ಇದನ್ನ ತಂದಿದ್ರೆ ಏನಂತಿದ್ರಿ?"

ಮುದುಕ ಹೆಂಡತಿಯ ಕಡೆ ನೋಡಿದ.

"ಇಲ್ಲ ಅಂತಿದ್ವಿ," ಎಂದಳು ಎದುವಿಹೆಸ್.

ಆ ಬೆಟ್ಟದವರ ಬಾಯಲ್ಲಿ ಆ ಪದವನ್ನು ನಾನು ಎದುರೆದುರೇ ಕೇಳಿದ್ದು ಅದೇ ಮೊದಲು. ಹೇಳಿದ್ದಕ್ಕೆ ಅವಳಿಗೇ ಮೈ ಬಿಸಿಯಾದಂತಿತ್ತು. ಎದ್ದು ಒಲೆಯ ಹತ್ತಿರ ಹೋಗಿ, ಬೆನ್ನು ನಮ್ಮ ಕಡೆ ಮಾಡಿಕೊಂಡೇ ಹೇಳಿದಳು.

"ಕೆಳಗಿನ ಕಮರೀಲಿ ಒಂದು ದೊಣೆ ಇತ್ತು. ಯಾವುದೋ ಪುಸ್ತಕದಲ್ಲಿ ಹಾಕಿದ್ರಂತೆ. ಬಂದೋರು ಒಳ್ಳೇರೇ. ಸೋಪ್ ಹಾಕ್ಕೊಂಡು ಸ್ನಾನ ಮಾಡಿ, ಕಸಾನೆಲ್ಲಾ ಚೀಲಕ್ಕೆ ತುಂಬ್ಕೊಂಡು ಹೋದ್ರು. ಆಡುಗಳು ಆ ನೀರಿಗೆ ಬಾಯಿಡ್ಲಿಲ್ಲ. ಜೂನಿನ ಬಿರುಬೇಸಿಗೇಲಿ ನಮಗುಳಿಯೋದು ಮೇಲಿನ ದೊಣೆ ಒಂದೇ, ಅದೂ ಮೊಣಕಾಲುದ್ದ ನೀರು."

"ಆ ದಾರೀಲಿ ನಡೆಯೋರಿಗೆ ಬೇರೆ ನೀರಿಲ್ಲ," ಎಂದೆ. "ಹಾಕದಿದ್ರೆ ಯಾರಾದ್ರೂ ಬಿದ್ದುಹೋಗ್ತಾರೆ."

"ಮನೆ ಹಾಕು."

"ಯಾವ ಮನೆ?"

"ಇದು. ಬಾಯಾರಿದೋರು ಬಾಗ್ಲಿಗೆ ಬರ್ಲಿ, ಕೇಳ್ಲಿ. ಕೇಳಿದ್ರೆ ಕೊಡ್ದೇ ಇರ್ತೀವಾ? ಇವ್ನೇ ಕರ್ಕೊಂಡೋಗಿ ಮೊಗೆದು ಕೊಡ್ತಾನೆ. ಹೆಂಗೂ ಮಾಡಕ್ಕೆ ಕೆಲ್ಸ ಇಲ್ಲ."

"ಕೆಲ್ಸ ಇಲ್ವಂತೆ!" ದೋನ್ ತಾಚೋ ಅರ್ಧ ಹೆಣೆದ ಹಗ್ಗ ಎತ್ತಿ ನನಗೆ ತೋರಿಸಿದ. "ಇದೇನು ತಾನಾಗೇ ಹೆಣ್ಕೊಳ್ತದಾ?"

"ಹೋದ ಈಸ್ಟರಿನಿಂದ ಅದೇ ಹಗ್ಗ ಮಗ," ಎಂದಳು ಎದುವಿಹೆಸ್. "ನೋಡಿ ನೋಡಿ ಸಾಕಾಗಿದೆ."

ಚುಕ್ಕೆ ಹಾಳೆಯ ಮೇಲೆ ಬೆರಳಿನಗಲ ಸರಿಯುತ್ತದೆ, ಅಷ್ಟೆ. ಆದರೆ ಹೊಸದನ್ನು ಇಡುವುದು ನನ್ನ ಕೈ. ಅವನದರ ಮೇಲೆ ಬಿಳಿ ಬರುತ್ತದೆ. ಆಗಲಿ ಎಂದೆ. ದನಿ ಸರಿಯಾಗಿಯೇ ಬಂತು.

ಬುರುಡೆಯನ್ನು ಎದುವಿಹೆಸಳ ಕೈಗೆ ಕೊಡಹೋದೆ. ಅವಳು ತೆಗೆದುಕೊಳ್ಳಲಿಲ್ಲ.

"ಅದು ಮನೇದಲ್ಲ, ದೊಣೇದು. ಅಲ್ಲೇ ಕೊಡು."

ದೋನ್ ತಾಚೋ ಮುಂದೆ ನಡೆದ. ದಾರಿ ಬಂಡೆಗಳ ಸಂದಿಯಲ್ಲಿ ತಿರುಗಿ ತಿರುಗಿ ಏರಿತು. ಗೊತ್ತಿಲ್ಲದವರಿಗೆ ಅದು ದಾರಿ ಎಂದೇ ಕಾಣುವುದಿಲ್ಲ. ಮೇಲೆ ಬಂಡೆಗೆ ಹಳದಿ ಬೇರುಗಳನ್ನು ಇಳಿಬಿಟ್ಟ ಕಾಡತ್ತಿ, ಅದರ ಕೆಳಗೆ ದೊಣೆ. ನೀರು ಆಗಲೇ ಆಳಕ್ಕಿಳಿದಿತ್ತು, ಬಗ್ಗಿದರೆ ಕೈಗೆ ಸಿಗುತ್ತಿರಲಿಲ್ಲ. ನೀರಿನ ಅಂಚಿನಲ್ಲಿ ಜೇನುಹುಳುಗಳು ಸಾಲಾಗಿ ಕೂತು ಕುಡಿಯುತ್ತಿದ್ದವು.

ಮುದುಕ ಬುರುಡೆಯನ್ನು ಕೈಗೆ ತೆಗೆದುಕೊಂಡು ಹಸಿರು ಹುರಿಯನ್ನು ಉಗುರಿನಿಂದ ಕೆದಕಿದ.

"ಇದು ನಮ್ಮ ಹಗ್ಗ ಅಲ್ವಲ್ಲ."

"ಹಳೇದು ಸವೆದಿತ್ತೇನೋ. ಅವನು ಕಟ್ಟಿರ್ಬೇಕು."

"ಇದೆಂಥಾ ಗಂಟು! ಬಿಚ್ಚಕ್ಕೇ ಬರಲ್ಲ."

"ಬಿಚ್ಬೇಡಿ," ಎಂದೆ.

ಅವನು ನನ್ನನ್ನು ನೋಡಿದ. ಬುರುಡೆಯನ್ನು ನನ್ನ ಕೈಗೇ ಕೊಟ್ಟು, ಬಂಡೆಯ ಆಚೆ ಹೋಗಿ, ಇಲ್ಲದ ಆಡನ್ನು ಕೂಗಿ ಕರೆಯತೊಡಗಿದ.

ಹುರಿ ಹಿಡಿದು ಬುರುಡೆಯನ್ನು ಕೆಳಗೆ ಬಿಟ್ಟೆ. ಅದು ವಾಲಿತು, ತುಂಬಿತು, ಭಾರವಾಯಿತು. ಎಳೆದುಕೊಂಡೆ. ಬಿರುಕು ನೆನೆದು ಕೂಡಿಕೊಂಡಿತ್ತು. ಆದರೂ ಒಂದೊಂದೇ ಹನಿ ಜಿನುಗುತ್ತಿತ್ತು. ನಿಂತೇ ಕುಡಿದೆ. ನೀರಿಗೆ ಬಂಡೆಯ ರುಚಿ, ಎಲೆಯ ರುಚಿ. ಮಿಕ್ಕಿದ್ದನ್ನು ಅತ್ತಿಯ ಬೇರಿಗೆ ಸುರಿದೆ.

ಬೇರಿನ ಒಂದು ಕವಲು ಹಗ್ಗ ಉಜ್ಜಿ ಉಜ್ಜಿ ನುಣ್ಣಗಾಗಿತ್ತು. ಬುರುಡೆಯನ್ನು ಅದಕ್ಕೆ ತಗುಲಿಹಾಕಿದೆ.