ಉರ್ಸುಲಾ ಬಾಯಿಯ ಅಳತೆ ಪುಸ್ತಕಗಳು

ಎಡತೋಳಿನ ಮಡಿಕೆ ಇನ್ನೂ ಹೋಗಿರಲಿಲ್ಲ. ವಾರಿಜಾಕ್ಷಿ ನೀರು ಚಿಮುಕಿಸಿ ಇಸ್ತ್ರಿಪೆಟ್ಟಿಗೆಯನ್ನು ಮತ್ತೊಮ್ಮೆ ಒತ್ತಿದಳು. ಬಿಳಿ ಪಾಪ್ಲಿನ್ ಗೌನು. ಹೋದ ತಿಂಗಳು ಆಸ್ಪತ್ರೆಯಿಂದ ಬಂದ ಮೇಲೆ ಉರ್ಸುಲಾ ತಾನೇ ಹೊಲಿದು ಇಟ್ಟದ್ದು, ಸೊಂಟಕ್ಕೆ ಎರಡಿಂಚು ಕಮ್ಮಿ ಹಿಡಿದು. "ಅಷ್ಟರೊಳಗೆ ಇನ್ನೂ ಸಣ್ಣ ಆಗಿರ್ತೇನೆ ವಾರೀ" ಎಂದು ನಕ್ಕಿದ್ದಳು. ಅಳತೆಯಲ್ಲಿ ಅವಳು ಯಾವತ್ತೂ ತಪ್ಪಿದವಳಲ್ಲ.

"ಆಯ್ತಾ ಮಾರಾಯ್ತಿ? ಹತ್ತು ಗಂಟೆಗೆ ಚರ್ಚು. ಆಸ್ವಾಲ್ಡ್ ಪೊರ್ಬುಗಳು ಶವದ ವ್ಯಾನು ತಂದು ನಿಲ್ಲಿಸಿದ್ದಾರೆ" ಎಂದ ಗಂಡ ಸೇಸಪ್ಪ. ಮಸ್ಕತ್ತಿನ ವಾದಿ ಅದಾಯ್‌ಯ ಆ ಟೈಲರ್ ಅಂಗಡಿ ಅವನದು; ಬೋರ್ಡಿನಲ್ಲಿ ಪರವಾನಗಿ ಕೊಡಿಸಿದ ಒಮಾನಿ ಕಫೀಲನ ಹೆಸರು, ಕತ್ತರಿ ಇವನ ಕೈಯಲ್ಲಿ.

ಅಷ್ಟರಲ್ಲಿ ಬಾಗಿಲ ಬೆಳಕಿಗೆ ಅಡ್ಡ ಬಂದ ಎಲಿಸಿಯೊ. ಸತ್ತವಳ ಗಂಡ. ಇದೇ ಅಂಗಡಿಯಲ್ಲಿ ಹೊಲಿಸಿದ ಕರಿ ಕೋಟು ತೊಟ್ಟಿದ್ದ. ಗೌನಿನ ಕಡೆ ಕಣ್ಣು ಹಾಯಿಸದೆ ಗಲ್ಫಿನ ಕಲಬೆರಕೆ ಹಿಂದಿಯಲ್ಲಿ ಸೇಸಪ್ಪನನ್ನೇ ಕೇಳಿದ:

"ಆ ಪುಸ್ತಕಗಳು? ಹೋದ ವಾರ ಇಲ್ಲಿ ನೋಡಿದ್ದೇನೆ. ಹತ್ತೊಂಬತ್ತು. ಪಾಪ, ಅವಳ ಪ್ರೀತಿಯ ಪುಸ್ತಕಗಳು. ಅವಳ ಜೊತೆಗೇ ಪೆಟ್ಟಿಗೆಯಲ್ಲಿ ಹೋಗಲಿ."

"ಚರ್ಚಿಗೇ ತರ್ತೇನೆ, ಬಟ್ಟೆಯಲ್ಲಿ ಹೊಲಿದು" ಎಂದಳು ವಾರಿಜಾಕ್ಷಿ.

ಅವನು ಅವಳ ಕಡೆ ತಿರುಗಲೇ ಇಲ್ಲ. "ಎಣಿಸಿ ಕೊಡು ಸೇಸಪ್ಪ. ನಿನ್ನ ಹೆಂಡತಿಗೆ ಇದೆಲ್ಲ ಅರ್ಥ ಆಗುವುದಿಲ್ಲ. ಹೆಬ್ಬೆಟ್ಟು ಒತ್ತುವ ಹೆಂಗಸು." ಮೆಟ್ಟಿಲಿಳಿಯುತ್ತ ಇನ್ನೊಂದು ಮಾತು ಸೇರಿಸಿದ: "ಈ ವರ್ಷದ ಯೂನಿಫಾರ್ಮ್ ಆರ್ಡರ್ ನನ್ನ ಟೇಬಲ್ ಮೇಲೆ ಉಂಟು. ಇನ್ನೂ ಸಹಿ ಮಾಡಿಲ್ಲ."

ಅವನು ಕಂಟ್ರಾಕ್ಟ್ ಕಂಪನಿಯಲ್ಲಿ ದೊಡ್ಡ ಸೂಪರ್‌ವೈಸರ್. ಅಲ್ಲಿನ ನಾಲ್ಕು ನೂರು ಜನರ ಪ್ಯಾಂಟು ಶರ್ಟಿನಿಂದಲೇ ಈ ಅಂಗಡಿಯ ಒಲೆ ಉರಿಯುತ್ತಿದ್ದದ್ದು.

"ಕೊಟ್ಟುಬಿಡು. ಸತ್ತವಳಂತೂ ವಾಪಸ್ ಬರ್ಲಿಕ್ಕಿಲ್ಲ" ಎಂದ ಸೇಸಪ್ಪ, ನೆಲ ನೋಡುತ್ತ. "ನಮಗೆ ಬದುಕ್ಲಿಕ್ಕುಂಟು."

ವಾರಿಜಾಕ್ಷಿ ಗೌನು ಮಡಚಿದಳು. ಆಮೇಲೆ ಒಳಕೋಣೆಗೆ ಹೋಗಿ ದಬ್ಬಣ ಹುಡುಕಿದಳು.

*

ಉರ್ಸುಲಾ ಅಂಗಡಿಗೆ ಹೊಲಿಗೆ ಕೆಲಸಕ್ಕೆ ಬಂದದ್ದು ಎಂಬತ್ತನಾಲ್ಕರಲ್ಲಿ. ಹೆಸರು ಕೇಳಿದ ಮಂಗಳೂರು ಕಡೆಯವರೆಲ್ಲ "ಬಾಯಿ ಎಲ್ಲಿಯವರು, ಬಜ್ಪೆಯವರಾ?" ಎನ್ನುತ್ತಿದ್ದರು. ಫಿಲಿಪೀನ್ಸಿನ ಇಲೊಯಿಲೊ ಎಂದರೆ ಯಾರಿಗೂ ತಿಳಿಯದು. ಕೊನೆಗೆ ಅವಳೇ ಸೋತು "ಹೌದು, ಬಜ್ಪೆಯಿಂದ ಸ್ವಲ್ಪ ಆಚೆ" ಎನ್ನತೊಡಗಿದಳು. ಮಂಗಳೂರಿನ ಕ್ರಿಸ್ತುವ ಹೆಂಗಸರಂತೆ ಅವಳಿಗೂ ಉರ್ಸುಲಾ ಬಾಯಿ ಎಂದೇ ಹೆಸರು ನಿಂತಿತು.

ಮಧ್ಯಾಹ್ನ ಒಂದರಿಂದ ನಾಲ್ಕರವರೆಗೆ ಮಸ್ಕತ್ತೇ ಮಲಗುತ್ತದೆ. ಸೇಸಪ್ಪ ಶಟರು ಅರ್ಧ ಎಳೆದು ಕಟಿಂಗ್ ಮೇಜಿನ ಕೆಳಗೆ ಗೊರಕೆ ಹೊಡೆಯುತ್ತಿದ್ದ. ಉರ್ಸುಲಾ ಅಳತೆ ಪುಸ್ತಕ ಬಿಚ್ಚುತ್ತಿದ್ದಳು. ಗಿರಾಕಿಯ ಅಳತೆ ಬರೆದ ಮೇಲಿನ ಹಾಳೆ ಹರಿದು ಬಟ್ಟೆಗೆ ಪಿನ್ ಮಾಡುವುದು. ಕೆಳಗಿನ ಹಾಳೆಯಲ್ಲಿ ಕಾರ್ಬನ್ನಿನ ನೀಲಿ ಪ್ರತಿ ಉಳಿಯುವುದು. ಎರಡಕ್ಕೂ ಒಂದೇ ಅಚ್ಚಿನ ನಂಬರು. ಬೇರೆ ಕಾಗದ ಕೈಗೆ ಸಿಗದ ಉರ್ಸುಲಾ ಅದರ ಮೇಲೆಯೇ ಕಾದಂಬರಿ ಬರೆದಳು. ಪಕ್ಕದ ಅಂಗಡಿಯ ಅಹ್ಮದ್ ಬ್ಯಾರಿಯ ಪ್ಯಾಂಟಿನ ಅಳತೆ ಮುಗಿದ ಮರುಹಾಳೆಯಲ್ಲಿ ಸಮುದ್ರದ ದಡದ ಒಂದು ಮನೆ, ಅದರಲ್ಲಿ ಮೂವರು ಅಕ್ಕತಂಗಿಯರು, ಒಂದು ವಿಷದ ಬಟ್ಟಲು. ಮತ್ತೆರಡು ಹಾಳೆ ದಾಟಿದರೆ ಶಾಲೆಯ ಮಕ್ಕಳ ಚಡ್ಡಿ.

"ಇಷ್ಟುದ್ದ ಎಂತ ಬರೀತೀ ಬಾಯೀ? ಯಾರಿಗೆ ಹೊಲಿಗೆ ಇದು?"

"ಇನ್ನೂ ಹುಟ್ಟದವರಿಗೆ" ಎನ್ನುತ್ತಿದ್ದಳು. "ಕೂತ್ಕೋ ವಾರೀ. ಇದು ಎ. ಏಣಿಯ ಹಾಗೆ, ನೋಡು."

ಹಾಗೆ ನಲವತ್ತು ದಾಟಿದ ಮೇಲೆ ವಾರಿಜಾಕ್ಷಿ ಇಂಗ್ಲಿಷ್ ಅಕ್ಷರ ಕಲಿತಳು. ಆಮೇಲೆ ಕನ್ನಡವನ್ನೂ ತಾನಾಗಿ ಕೂಡಿಸಿಕೊಂಡಳು. ಯಾರಿಗೂ ಹೇಳಲಿಲ್ಲ. ಬ್ಯಾಂಕಿನಲ್ಲಿ ಹೆಬ್ಬೆಟ್ಟೇ ಒತ್ತುತ್ತಿದ್ದಳು, ನಾಚಿಕೆಗೆ.

ಕತೆ ಬರೆದು ಹರಿದ ಮೇಲಿನ ಹಾಳೆಗಳನ್ನು ಎಲಿಸಿಯೊ ಒಯ್ಯುತ್ತಿದ್ದ. ಆಫೀಸಿನಲ್ಲಿ ಟೈಪ್ ಮಾಡಿ ತಮ್ಮ ಫಿಲಿಪೀನ್ಸಿನ ವಾರಪತ್ರಿಕೆಗೆ ಕಳಿಸುತ್ತೇನೆ ಎನ್ನುತ್ತಿದ್ದ. "ನಿನ್ನ ಕತೆ ಬರ್ತಾ ಉಂಟು, ಜನ ಓದ್ತಾರೆ. ಆದರೆ ಆ ಪತ್ರಿಕೆ ಒಮಾನಿಗೆ ಬರುವುದಿಲ್ಲ." ಐದು ವರ್ಷ ಅವಳು ಅದನ್ನೇ ನಂಬಿದಳು.

*

ರೂವಿಯ ಚರ್ಚು ತುಂಬಿತ್ತು. ಮುಂದಿನ ಸಾಲುಗಳಲ್ಲಿ ಫಿಲಿಪಿನೋಗಳು, ಹಿಂದೆ ಮಂಗಳೂರಿನವರು, ಕೊನೆಯ ಬೆಂಚಿನಲ್ಲಿ ಅಹ್ಮದ್ ಮತ್ತು ಅವನ ಹೆಂಡತಿ ಬೀಫಾತುಮ್ಮ.

"ಹೆಣ ಊರಿಗೆ ಕಳಿಸುವುದಿಲ್ಲ ಅಂತಲ್ಲ?" ಬೀಫಾತುಮ್ಮ ಪಿಸುಗುಟ್ಟಿದಳು.

"ಖರ್ಚು ಕಂಪನಿ ಕೊಡ್ತಿತ್ತು. ಇವನಿಗೆ ಬೇಡವಂತೆ. ಅಲ್ಲಿ ಅವನು ದೊಡ್ಡ ಲೇಖಕ ಅಲ್ವಾ, ಜನ ಸೇರ್ತಾರೆ, ನಾಲ್ಕು ಮಾತು ಕೇಳ್ತಾರೆ" ಎಂದ ಅಹ್ಮದ್.

ಎಲಿಸಿಯೊ ಮೈಕಿನ ಮುಂದೆ ನಿಂತ. ಕರ್ಚೀಫಿನಿಂದ ಕಣ್ಣು ಒತ್ತಿಕೊಂಡು ಇಂಗ್ಲಿಷಿನಲ್ಲಿ ಹೇಳಿದ: "ನಾನು ಬರೆಯುವಾಗ ನನ್ನ ಉರ್ಸುಲಾ ಪಕ್ಕದಲ್ಲಿ ಕೂತು ಗುಂಡಿ ಹೊಲಿಯುತ್ತಿದ್ದಳು. ನನ್ನ ಏಳು ಕಾದಂಬರಿಗಳಿಗೂ ಅವಳ ಮೌನವೇ ಕಾಣಿಕೆ."

ವಾರಿಜಾಕ್ಷಿಗೆ ಪ್ರತಿ ಪದವೂ ಅರ್ಥವಾಯಿತು. ಅವಳು ಅತ್ತಿತ್ತ ನೋಡಲಿಲ್ಲ. ಎದ್ದು, ಬಿಳಿ ಬಟ್ಟೆಯಲ್ಲಿ ಬಿಗಿಯಾಗಿ ಹೊಲಿದ ಗಂಟನ್ನು ಎರಡೂ ಕೈಯಲ್ಲಿ ಹೊತ್ತು, ಎಲ್ಲರ ಕಣ್ಣೆದುರೇ ನಡುದಾರಿಯಲ್ಲಿ ನಡೆದು ಅವನ ಕೈಗೆ ಕೊಟ್ಟಳು.

"ಹತ್ತೊಂಬತ್ತು" ಎಂದಳು.

ಅವನ ಬೆರಳು ಹೊಲಿಗೆಯ ಮೇಲೆ ಆಡಿತು. ಒಂದು ಮೂಲೆ ಬಿಚ್ಚಿ ನೋಡಬೇಕೆಂಬ ಆಸೆ ಮುಖದಲ್ಲಿ ಬಂದು ಹೋಯಿತು. ಆದರೆ ಇನ್ನೂರು ಜನ ನೋಡುತ್ತಿದ್ದರು. ದುಃಖದಲ್ಲಿರುವ ಗಂಡ ಹೆಂಡತಿಯ ಗಂಟು ಹರಿಯುತ್ತಾನೆಯೇ? ಅವನು ಅದಕ್ಕೆ ಮುತ್ತಿಟ್ಟು ಪೆಟ್ಟಿಗೆಯಲ್ಲಿ ಉರ್ಸುಲಾಳ ಕಾಲ ಬಳಿ ಇಟ್ಟ. ಹೆಂಗಸರು ಮೂಗು ಒರೆಸಿಕೊಂಡರು. ಆಸ್ವಾಲ್ಡ್ ಮುಚ್ಚಳದ ಮೊಳೆ ಹೊಡೆದರು.

ಸೇಸಪ್ಪ ಮಾತ್ರ ಗಂಟನ್ನೇ ನೋಡುತ್ತಿದ್ದ. ಇಪ್ಪತ್ತು ವರ್ಷ ಅಳತೆ ಪುಸ್ತಕಗಳನ್ನು ಕೈಯಲ್ಲಿ ಹಿಡಿದವನು. ಉರ್ಸುಲಾ ಬರೆಯುತ್ತಿದ್ದದ್ದು ಗಿಡ್ಡ ಪುಸ್ತಕಗಳಲ್ಲಿ. ಇವು ಉದ್ದ. ಕಂಪನಿಯ ಯೂನಿಫಾರ್ಮಿನವು.

*

ಎಂಬತ್ತೊಂಬತ್ತರ ಒಂದು ಮಧ್ಯಾಹ್ನ ಫಿಲಿಪಿನೋ ನರ್ಸ್ ಒಬ್ಬಳು ಸ್ಕರ್ಟಿನ ಬಟ್ಟೆ ತಂದಿದ್ದಳು. ಫಿಲಿಪೀನ್ಸಿನಿಂದ ಬಂದದ್ದು, ಅಲ್ಲಿನ ಹಳೇ ವಾರಪತ್ರಿಕೆಯಲ್ಲಿ ಸುತ್ತಿತ್ತು. ಉರ್ಸುಲಾ ಬಟ್ಟೆ ಬದಿಗಿಟ್ಟು ಕಾಗದ ನೇರ ಮಾಡಿದಳು. ಮೂವರು ಅಕ್ಕತಂಗಿಯರು, ವಿಷದ ಬಟ್ಟಲು. ಮೇಲೆ ಎಲಿಸಿಯೊನ ಫೋಟೊ, ಕೆಳಗೆ ಅವನ ಹೆಸರು, ಅದರ ಕೆಳಗೆ ಅವನಿಗೆ ಸಿಕ್ಕಿದ ಬಹುಮಾನದ ಸುದ್ದಿ.

ಆ ವಾರವೇ ಅವಳು ಪತ್ರಿಕೆಯ ಸಂಪಾದಕರಿಗೆ ಕಾಗದ ಬರೆದಳು. ಯಾವ ಅಧ್ಯಾಯ ಯಾವ ನಂಬರಿನ ಹಾಳೆ, ಹಿಂದಿನ ಹಾಳೆಯಲ್ಲಿ ಯಾರ ಅಳತೆ, ಯಾವ ತಾರೀಕು, ಎಲ್ಲ ಅದರಲ್ಲಿ ಬರೆದಳು. ಕಳಿಸಲಿಲ್ಲ. ಮಗಳು ಸೋಫಿಯಾ ಊರಿನಲ್ಲಿ ಅವನ ತಾಯಿಯ ಮನೆಯಲ್ಲಿದ್ದಳು. "ಬಾಯಿ ಬಿಟ್ಟರೆ ಹುಡುಗಿಯನ್ನು ಶಾಲೆಯಿಂದ ಬಿಡಿಸುತ್ತೇನೆ" ಎಂದು ಅವನು ಊಟ ಮಾಡುತ್ತಲೇ ಹೇಳಿದ್ದ, ಉಪ್ಪು ಕೇಳಿದಷ್ಟು ಸುಲಭವಾಗಿ.

"ಮತ್ತೆ ಯಾಕೆ ಬರೆದು ಕೊಡ್ತೀ ಆ ಕಳ್ಳನಿಗೆ? ಕೈ ಮುರ್ಕೊಂಡು ಕೂತ್ಕೋ!" ವಾರಿಜಾಕ್ಷಿ ಉರಿದುಬಿದ್ದಿದ್ದಳು.

ಉರ್ಸುಲಾ ಸೂಜಿಗೆ ದಾರ ಪೋಣಿಸುತ್ತಿದ್ದಳು. "ಅವನು ಎತ್ತರಕ್ಕೆ ಹೋಗಲಿ ವಾರೀ. ನಾನೇ ಹತ್ತಿಸ್ತೇನೆ. ಸ್ಟೂಲಿನಿಂದ ಬಿದ್ದರೆ ಯಾರಿಗೆ ಕೇಳ್ತದೆ? ಮಹಡಿಯಿಂದ ಬೀಳ್ಬೇಕು." ಆಮೇಲೆ ಪುಸ್ತಕಗಳನ್ನೂ ಕಾಗದವನ್ನೂ ವಾರಿಜಾಕ್ಷಿಯ ಕೈಗೆ ಕೊಟ್ಟಳು. "ಸೋಫಿಯಾ ಸ್ವಂತ ಕಾಲಿನ ಮೇಲೆ ನಿಂತ ದಿನ ಕಳಿಸು. ನಾನು ಇರ್ಲಿ, ಇಲ್ಲದಿರ್ಲಿ."

ಮತ್ತೆ ಏಳು ವರ್ಷ ಬರೆದಳು. ಪ್ರತಿಯೊಂದು ಕಾದಂಬರಿ ಹಿಂದಿನದಕ್ಕಿಂತ ಚೆನ್ನಾಗಿತ್ತಂತೆ. ಎಲಿಸಿಯೊ ಎರಡು ಬಾರಿ ಮನಿಲಾಕ್ಕೆ ಹಾರಿ ಶಾಲು ಹೊದ್ದು ಬಂದ. ಏಳನೆಯದರ ಕೊನೆಯ ಅಧ್ಯಾಯವನ್ನು ಮಾತ್ರ ಅವಳು ಅವನಿಗೆ ಹರಿದು ಕೊಡಲಿಲ್ಲ. "ಇನ್ನೂ ಬರೆದಿಲ್ಲ" ಎನ್ನುತ್ತಲೇ ಕಣ್ಣು ಮುಚ್ಚಿದಳು.

*

ಮಣ್ಣು ಹಾಕಿ ಮುಗಿಯುವಾಗ ಹನ್ನೆರಡೂವರೆ. ಬಂಡೆ ಬೆಟ್ಟಗಳ ನಡುವಿನ ಆ ಸ್ಮಶಾನದಲ್ಲಿ ನೆರಳೆಂಬುದಿರಲಿಲ್ಲ. ಎಲಿಸಿಯೊ ಕೈಕುಲುಕಿಸಿಕೊಳ್ಳುತ್ತ ನಿಂತಿದ್ದ. ಭಾರ ಇಳಿದವನ ಹಾಗೆ ಕೋಟಿನ ಗುಂಡಿ ಬಿಚ್ಚಿದ್ದ.

ಸೋಫಿಯಾ ವಾರಿಜಾಕ್ಷಿಯ ಪಕ್ಕಕ್ಕೆ ಬಂದಳು. ನರ್ಸಿಂಗ್ ಮುಗಿಸಿ ಎರಡು ತಿಂಗಳ ಹಿಂದೆ ದುಬೈಯಲ್ಲಿ ಕೆಲಸಕ್ಕೆ ಸೇರಿದವಳು, ಕಣ್ಣು ತಾಯಿಯದೇ. "ಆಂಟಿ, ಮಮ್ಮಾ ನನಗೆ ಎಲ್ಲ ಹೇಳಿದ್ದಾಳೆ. ಆ ಪುಸ್ತಕ ನಿಜವಾಗಿ ಹೋಯ್ತಾ?"

"ನಿನ್ನ ಅಪ್ಪನ ಸೊಂಟದ ಅಳತೆ ಹೋಯ್ತು ಮಗಾ. ಮೂವತ್ತೆಂಟು. ಅವನ ನಾಲ್ಕು ನೂರು ಜನರದ್ದೂ ಹೋಯ್ತು." ವಾರಿಜಾಕ್ಷಿ ಅವಳ ಮುಖ ನೋಡಿದಳು. "ಅವ ನಿನ್ನ ಅಪ್ಪ. ಬೇಡ ಅಂದ್ರೆ ಈಗಲೇ ಹೇಳು."

ಸೋಫಿಯಾ ಹೊಸ ಮಣ್ಣಿನ ಕಡೆ ನೋಡಿದಳು. ಅಲ್ಲಿ ನೆಟ್ಟ ಮರದ ಶಿಲುಬೆಯಲ್ಲಿ ಬರೆಸಿದ್ದು ಇಷ್ಟೇ: ಲೇಖಕ ಎಲಿಸಿಯೊನ ಪತ್ನಿ. ಅವಳು ಚೀಲದಿಂದ ಪೆನ್ನು ತೆಗೆದು ಚೀಟಿಯಲ್ಲಿ ದುಬೈ ವಿಳಾಸ ಬರೆದು ಕೊಟ್ಟಳು. "ಉತ್ತರ ನನಗೆ ಬರಲಿ."

ಸೇಸಪ್ಪ ತಮ್ಮ ಅಂಗಡಿಯ ವ್ಯಾನು ಸ್ಟಾರ್ಟ್ ಮಾಡಿ ರಸ್ತೆಗೆ ಇಳಿಸಿದ. ಆಮೇಲೆ ಕೇಳಿದ: "ಕಂಪನಿಯ ಪುಸ್ತಕ ಎಲ್ಲ ಮಣ್ಣಿಗೆ ಹೋಯ್ತಲ್ಲ. ಇನ್ನು ಅವರ ಅಳತೆ ಎಲ್ಲಿ ನೋಡುವುದು?"

"ಅವರು ಇನ್ನು ಬರುವವರೂ ಅಲ್ಲ ಬಿಡಿ."

"ಖಲಾಸ್ ಹಾಗಾದ್ರೆ." ಅವನು ಗೇರು ಬದಲಿಸಿದ. ಅಂಗಡಿಯ ತಿರುವು ಬಂತು. ಅವನು ತಿರುಗಿಸಲಿಲ್ಲ. "ಗಿಡ್ಡ ಪುಸ್ತಕ ಎಲ್ಲಿಟ್ಟಿದ್ದೀ?"

"ನಿಮ್ಮ ಸೀಟಿನ ಕೆಳಗೇ."

"ಹೆಣ್ಣೇ, ನೀನು ಸಾಮಾನ್ಯದವಳಲ್ಲ" ಎಂದ ಸೇಸಪ್ಪ. "ಪೋಸ್ಟ್ ಆಫೀಸು ಎರಡಕ್ಕೆ ಮುಚ್ತದೆ. ಯಲ್ಲಾ, ಗಂಟಿನ ಬಾಯಿ ಹೊಲಿ ಬೇಗ."

ಹತ್ತೊಂಬತ್ತು ಪುಸ್ತಕಗಳ ಮೇಲೆ ಸಂಪಾದಕರಿಗೆ ಬರೆದ ಏಳು ವರ್ಷದ ಹಳೇ ಕಾಗದವನ್ನೂ ಕೊನೆಯ ಅಧ್ಯಾಯವನ್ನೂ ಇಟ್ಟು, ಓಡುವ ವ್ಯಾನಿನಲ್ಲೇ ಅವಳು ದಬ್ಬಣ ಎಳೆದಳು. ಸುತ್ತಿದ ಬಟ್ಟೆ ಗೌನಿನ ಪಾಪ್ಲಿನ್ನಿನಲ್ಲಿ ಉಳಿದ ತುಂಡು. ಸರಿಯಾಗಿ ಸಾಕಾಯಿತು.

ಕೌಂಟರಿನ ಗುಮಾಸ್ತ ಪಾರ್ಸೆಲು ತೂಗಿ ರಿಜಿಸ್ಟರ್ ಫಾರ್ಮು ತಳ್ಳಿದ. ಅವಳ ಸೆರಗು ನೋಡಿ, ರೂಢಿಯಂತೆ, ಶಾಯಿಯ ಪ್ಯಾಡನ್ನೂ ಪಕ್ಕಕ್ಕಿಟ್ಟ. ವಾರಿಜಾಕ್ಷಿ ಪ್ಯಾಡನ್ನು ಹಿಂದಕ್ಕೆ ಸರಿಸಿ ಪೆನ್ನು ಎತ್ತಿಕೊಂಡಳು. ಕಳಿಸುವವರ ಜಾಗದಲ್ಲಿ ಉರ್ಸುಲಾಳ ತವರಿನ ಪೂರ್ಣ ಹೆಸರನ್ನು, ಏಣಿಯ ಹಾಗಿನ ಎ ಎಲ್ಲಿಯೂ ಓರೆಯಾಗದಂತೆ, ಒಂದೊಂದೇ ಅಕ್ಷರ ಬರೆದಳು. ಕೆಳಗೆ ಸೋಫಿಯಾಳ ವಿಳಾಸ.

ಮುದ್ರೆ ಧಡ್ ಎಂದು ಬಿತ್ತು. ಗುಮಾಸ್ತ ಪಾರ್ಸೆಲನ್ನು ಹಿಂದಿನ ಬುಟ್ಟಿಗೆ ಎಸೆದಾಗ ಅದು ಮಗುಚಿ ಬಿತ್ತು. ಬಿಳಿ ಬಟ್ಟೆಯ ಮೇಲೆ, ಹೊಲಿಗೆ ಮುಗಿದ ಜಾಗದಲ್ಲಿ, ಕಾರ್ಬನ್ನಿನ ನೀಲಿಯಲ್ಲಿ ವಾರಿಜಾಕ್ಷಿಯ ಹೆಬ್ಬೆಟ್ಟು ಗೆರೆಗೆರೆಯಾಗಿ ಮೂಡಿತ್ತು.