ಪೆಟ್ಟಿಗೆಯ ಮೇಲೆ ಹಬೀಬಾ

೧
ಅತ್ತರಿನಿಂದ ಆರಂಭಿಸಲೇ, ಅಕ್ಷರದಿಂದ ಆರಂಭಿಸಲೇ? ಪರಿಮಳವನ್ನು ಕಾಗದಕ್ಕೆ ತರುವುದು ನನ್ನಿಂದಾಗದು. ಹಾಗಾಗಿ ಅಕ್ಷರ.

ಫಳ್ನೀರಿನಲ್ಲಿ ಸಫಿಯಾ ಅತ್ತರಿನ ಅಂಗಡಿ ತೆರೆಯುತ್ತಿದ್ದಾಳೆ. ಮದುಮಗಳಿಗೆ ಕೊಡುವಂಥ ದುಬಾರಿ ಅತ್ತರು. ಬೆರೆಸುವ ಕೈ ತಾಯಿಯದು. ಬ್ರ್ಯಾಂಡಿನ ಹೆಸರೂ ತಾಯಿಯದೇ, ಹಬೀಬಾ. ಅವರು ಅರವತ್ತು ದಾಟಿದ ಮೇಲೆ ನನ್ನ ಬಳಿ ಕನ್ನಡ ಕಲಿತವರು. ಉಮ್ಮ ಓದಲಿ ಎಂದೇ ಸಫಿಯಾ ಪೆಟ್ಟಿಗೆಯ ಮೇಲಿನ ಹೆಸರಿಗೆ ಇಂಗ್ಲಿಷ್ ಬಿಟ್ಟು ಕನ್ನಡ ಆರಿಸಿದ್ದಳು.

೨
(ಮೊದಲ ಡ್ರಾಫ್ಟಿನಲ್ಲಿ ಫಾಂಟಿನ ಚೆಲುವಿಗೆ ಒಂದು ಪುಟ ಕೊಟ್ಟಿದ್ದೆ. ಹರಿದೆ. ಕೂದಲೆಳೆಯಂಥ ಗೆರೆ, ಬಳ್ಳಿಯಂತೆ ಸುತ್ತುವ ತುದಿ. ನಿಮಗಿಷ್ಟು ಸಾಕು.)

ಡಿಸೈನರ್ ಪ್ರಣೀತಾ ಮೂರು ವಾರ ಕೂತು 'ಹಬೀಬಾ' ಎಂದು ಬರೆದದ್ದು ಹಾಗೆ. ಸಫಿಯಾಳಿಗೆ ನೋಡಿದ ಕೂಡಲೇ ಒಪ್ಪಿಗೆಯಾಯಿತು. ಹಬೀಬಾ ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದು ತುಂಬ ಹೊತ್ತು ನೋಡಿದರು.

"ಬಳ್ಳಿ ಚಂದ ಉಂಟು ಮೋಳೆ. ಹೆಸರು ಎಲ್ಲಿ ಬರ್ತದೆ?" ಎಂದು ಮಗಳನ್ನು ಕೇಳಿದರು.

ಸಫಿಯಾ ತಲೆ ತಗ್ಗಿಸಿದಳು. ಪ್ರಣೀತಾ ಹಾಳೆಯನ್ನು ಮೆಲ್ಲನೆ ತೆಗೆದುಕೊಂಡು, "ಹೆಸರು ಇನ್ನೂ ಹಾಕ್ಲಿಲ್ಲ ಉಮ್ಮ," ಎಂದಳು.

ಈ ಒಂದು ಸುಳ್ಳಿಗಾಗಿಯೇ ನಾನು ಕಥೆ ಬರೆಯಲು ಕೂತದ್ದು. ಇಲ್ಲಿಗೇ ಮುಗಿಸುವವಳಿದ್ದೆ.

೩
ಬರೆದದ್ದನ್ನು ಓದಿದ ಸಫಿಯಾ ಬಿಡಲಿಲ್ಲ.

"ಟೀಚರ್, ನನ್ನನ್ನು ವಿಲನ್ ಮಾಡ್ಬೇಡಿ. ದುಂಡು ಅಕ್ಷರ ಹಾಕಿದ್ರೆ ಬಸ್ಸಿನ ಬೋರ್ಡ್ ಹಾಗೆ ಕಾಣ್ತದೆ. ಮದುವೆ ಮನೆಯವರು ಪೆಟ್ಟಿಗೆ ನೋಡಿಯೇ ತೆಗೊಳ್ಳುವುದು."

ಹತ್ತು ವರ್ಷ ಬೇರೆಯವರ ಅಂಗಡಿಯಲ್ಲಿ ನಿಂತು ಮಾರಿದವಳ ಮಾತು. ತಳ್ಳಿಹಾಕಲಾರೆ.

೪
ಹಾಗಾದರೆ ಮುಕ್ತಾಯಗಳು.

ಅ) ದುಂಡಕ್ಷರ. ಹಬೀಬಾ ಓದಿ ಕಣ್ಣೊರೆಸಿಕೊಳ್ಳುತ್ತಾರೆ. (ಅವರು ಅಳುವವರಲ್ಲ. ಹೊಡೆದುಹಾಕಿದೆ.)

ಆ) ಹೊರಗೆ ಬಳ್ಳಿ, ಮುಚ್ಚಳದ ಒಳಗೆ ದುಂಡಗೆ ಹೆಸರು. ಎಲ್ಲರಿಗೂ ಸಮಾಧಾನ. ನನಗಂತೂ ನನ್ನ ಬುದ್ಧಿಯ ಮೇಲೆ ಹೆಮ್ಮೆಯೇ ಬಂತು. ಹಬೀಬಾಗೆ ಓದಿ ಹೇಳಿದೆ.

"ಒಳಗೆ ಯಾಕೆ ಟೀಚರ್?" ಎಂದರು. "ನಾನು ಎಂತ, ಒಳಗೇ ಕೂತುಕೊಳ್ಬೇಕಾ?"

ಕೇಳಿದ್ದು ನನ್ನನ್ನು. ಇದನ್ನೂ ಹೊಡೆದುಹಾಕಿದೆ.

೫
ಪೆಟ್ಟಿಗೆ ಅಚ್ಚಾಗಲು ಪಂಪ್‌ವೆಲ್‌ನ ಪ್ರೆಸ್ಸಿಗೆ ಇವತ್ತೇ ಫೈಲ್ ಹೋಗಬೇಕು. ಪ್ರಣೀತಾ ಲ್ಯಾಪ್‌ಟಾಪನ್ನು ಹಬೀಬಾ ಅವರತ್ತ ತಿರುಗಿಸಿ, ಓದಲು ಬಂದ ಕೂಡಲೇ ಹೇಳಿ ಎಂದು, ಅಕ್ಷರದ ಸುರುಳಿಗಳನ್ನು ಒಂದೊಂದಾಗಿ ಅಳಿಸತೊಡಗಿದಳು. ಮೂರು ವಾರದ ಕೆಲಸ, ಮುಖದಲ್ಲಿ ಬೇಸರವಿರಲಿಲ್ಲ. ಐದನೆಯದು ಹೋಯಿತು. ಆರನೆಯದೂ.

"ಸಾಕು," ಎಂದಳು ಸಫಿಯಾ.

"ಇನ್ನೊಂದು," ಎಂದರು ಹಬೀಬಾ.

ಯಾರ ಮಾತಿಗೆ ಕೈ ನಿಲ್ಲಿಸಲಿ ಎಂದು ಪ್ರಣೀತಾ ನನ್ನ ಮುಖ ನೋಡುತ್ತಿದ್ದಾಳೆ. ನಾನು ನಿಮ್ಮದನ್ನು.